ಚಿತ್ರಪಟದ ವೀರನಾರಿ: ನಟಿ ಮಾಲಾಶ್ರೀಯವರ ವೃತ್ತಿಜೀವನ

ಯಾದಗಿರಿ, ಶಹಾಪುರ, ಸುರಪುರಗಳ ಈ ಸೀಮೆಯು ಆಯುಧದ ಪರಿಚಯವನ್ನು ಚೆನ್ನಾಗಿ ಉಳ್ಳದ್ದು. ದಿಲ್ಲಿಯ ಬಾದಶಹನಾದ ಔರಂಗಜೇಬನು ತನ್ನ ಮುಪ್ಪಿನಲ್ಲಿ ಸ್ವತಃ ಮುಂದೆ ನಿಂತು ನಡೆಸಿದ ಕಡೆಯ ಮುತ್ತಿಗೆಯು ಕ್ರಿ. ಶ. ೧೭೦೫ರಲ್ಲಿ ನಮ್ಮ ವಾಗಣಗೇರಿಯ ಕೋಟೆಯ ಮೇಲೆಯೇ ನಡೆಯಿತು. ಕೋಟೆಯು ಬಿದ್ದಿತು, ಆದರೆ ಬೇಡರ ನಾಯಕನಾದ ಪಿಡ್ಡನಾಯಕನು ಬಾದಶಹನ ಕೈಗೆ ಸಿಕ್ಕಲಿಲ್ಲ. ಆ ಕಾಲದಿಂದ ೧೮೫೮ರಲ್ಲಿ ರಾಜಾ ವೆಂಕಟಪ್ಪ ನಾಯಕನು ಇಂಗ್ಲಿಷರ ವಿರುದ್ಧ ಎದ್ದು ನಿಂತ ಕಾಲದವರೆಗೂ ಈ ನಾಡಿನ ಕಥೆಯೆಂದರೆ ಕತ್ತಿ, ಭರ್ಚಿ, ಬಂದೂಕುಗಳ ಕಥೆಯೇ ಆಗಿದೆ. ಇಷ್ಟು ಶೌರ್ಯದ ನಡುವೆ ಹೆಂಗಸರ ಹೆಸರು ಎಷ್ಟು ಸಲ ಬರುವದೆಂದು ಎಣಿಸಹೊರಟರೆ ಮಾತ್ರ ಕೈಬೆರಳುಗಳು ಮಿಕ್ಕುಳಿಯುವವು.

ಮಿಕ್ಕ ಹೆಸರುಗಳಲ್ಲಿ ಮೊದಲು ನೆನಪಾಗುವದು ರಾಣಿ ಈಶ್ವರಮ್ಮನವರದು. ಪತಿಯಾದ ಕೃಷ್ಣಪ್ಪ ನಾಯಕನು ತೀರಿಕೊಂಡು, ಮಗನಾದ ವೆಂಕಟಪ್ಪನು ಇನ್ನೂ ಬಾಲಕನಾಗಿದ್ದಾಗ, ಸಂಸ್ಥಾನದ ಅಧಿಕಾರಕ್ಕಾಗಿ ಹೋರಾಡಿದವರು ಇವರು. ೧೮೪೧ರಿಂದ ೧೮೫೩ರ ವರೆಗೆ ಸುರಪುರದಲ್ಲಿದ್ದ ಮೆಡೋಸ್ ಟೇಲರನು ತನ್ನ ಆತ್ಮಕಥೆಯಲ್ಲಿ ಈಕೆಯನ್ನು ತನ್ನ ದೊಡ್ಡ ಪ್ರತಿಪಕ್ಷಿಯೆಂಬಂತೆ ಚಿತ್ರಿಸಿರುವನು. ರಾಣಿಯು ಸುಗುಣೆಯೋ ದುರ್ಗುಣೆಯೋ ಎಂಬ ವಿಚಾರವನ್ನು ಇಲ್ಲಿ ಎತ್ತಬೇಕಾಗಿಲ್ಲ. ಗಮನಿಸತಕ್ಕ ಸಂಗತಿಯು ಒಂದೇ: ಪತಿಯು ಇಲ್ಲವಾದ ಮೇಲೆ, ಮಗನು ದೊಡ್ಡವನಾಗುವದಕ್ಕಿಂತ ಮೊದಲು, ಈ ಎರಡರ ನಡುವಿನ ಬಿರುಕಿನಲ್ಲಿ ಮಾತ್ರ ಹೆಣ್ಣಿಗೆ ಅಧಿಕಾರದ ಹಿಡಿಕೆಯು ದೊರೆಯಿತು. ಗಂಡಸು ಗೈರುಹಾಜರಾದಾಗಲೇ ಹೆಣ್ಣಿನ ಕೈಗೆ ಆಯುಧವು ಬರುವದೆಂಬುದು ನಮ್ಮ ಇತಿಹಾಸದಲ್ಲಿಯೂ ಕಥೆಗಳಲ್ಲಿಯೂ ಒಂದು ಅಲಿಖಿತ ನಿಯಮದಂತೆ ನಡೆದುಬಂದಿದೆ. ಚಲಚ್ಚಿತ್ರವು ಹುಟ್ಟಿದ ಮೇಲೆ ಅದು ಕೂಡ ಈ ನಿಯಮವನ್ನೇ ಆನುವಂಶಿಕವಾಗಿ ಪಡೆಯಿತು. ಕನ್ನಡ ಚಿತ್ರರಂಗದಲ್ಲಿ ಈ ನಿಯಮವನ್ನು ತನ್ನ ವೃತ್ತಿಜೀವನದಿಂದ ಸಡಿಲಿಸಿದ ನಟಿಯೆಂದರೆ ಶ್ರೀಮತಿ ಮಾಲಾಶ್ರೀಯವರು. ಅದು ಹೇಗೆಂಬುದನ್ನು ವಿವರಿಸುವದೇ ಈ ಲೇಖನದ ಉದ್ದೇಶ.

ಮೊದಲು ಕಾವ್ಯದ ಕಡೆಗೆ ನೋಡೋಣ. ಲಕ್ಷ್ಮೀಶ ಕವಿಯ ದೇವಪುರವು ನಮ್ಮ ಸುರಪುರವೇ ಎಂಬ ವಾದವೊಂದು ಉಂಟು. ಕಡೂರು ಸೀಮೆಯ ದೇವನೂರೆಂಬ ವಾದವೂ ಉಂಟು. ಅದು ಹೇಗಾದರೂ ಇರಲಿ, ಆತನ ಜೈಮಿನಿ ಭಾರತವನ್ನು ಓದಿಸಿ ಕೇಳದ ಊರು ಕನ್ನಡ ನಾಡಿನಲ್ಲಿ ವಿರಳವಾಗಿತ್ತು. ಆ ಕಾವ್ಯದಲ್ಲಿ ಇಬ್ಬರು ಹೆಂಗಸರು ಬರುವರು. ಒಬ್ಬಳು ಉದ್ದಾಲಕ ಮುನಿಯ ಹೆಂಡತಿಯಾದ ಚಂಡಿ. ಗಂಡನು ಹೇಳಿದ್ದಕ್ಕೆಲ್ಲ ವಿರುದ್ಧವಾಗಿ ನಡೆದು, ಶಾಪದಿಂದ ಕಲ್ಲಾಗಿ ಬಿದ್ದವಳು ಆಕೆ. ಇನ್ನೊಬ್ಬಳು ಸ್ತ್ರೀರಾಜ್ಯದ ಒಡತಿಯಾದ ಪ್ರಮೀಳೆ. ಯಜ್ಞದ ಕುದುರೆಯನ್ನು ಕಟ್ಟಿಹಾಕಿ ಅರ್ಜುನನನ್ನೇ ಯುದ್ಧಕ್ಕೆ ಕರೆದವಳು ಈಕೆ. ಕಡೆಗೆ ಆತನನ್ನು ವರಿಸುವದರಲ್ಲಿ ಆ ಕಲಹವು ಮುಗಿಯುವದು. ಎದುರು ಮಾತಾಡಿದ ಹೆಣ್ಣು ಕಲ್ಲಾಗುವಳು, ಆಯುಧ ಹಿಡಿದ ಹೆಣ್ಣು ಮದುವೆಯಾಗುವಳು. ಈ ಎರಡು ಅಚ್ಚುಗಳಿಂದಲೇ ನಮ್ಮ ರಂಗಭೂಮಿಯೂ ತರುವಾಯ ಚಿತ್ರಪಟವೂ ತಮ್ಮ ವೀರಸ್ತ್ರೀಯರನ್ನು ಎರಕ ಹೊಯ್ದವು.

ನಮ್ಮ ದೊಡ್ಡಾಟದ ಅಟ್ಟವನ್ನು ಕಂಡವರಿಗೆ ಇನ್ನೊಂದು ಮಾತು ನೆನಪಿರಬೇಕು. ಕಿರೀಟ, ಭುಜಕೀರ್ತಿಗಳನ್ನು ಧರಿಸಿ, ಕತ್ತಿಯನ್ನು ಝಳಪಿಸಿ, ಅಟ್ಟವು ನಡುಗುವಂತೆ ಕುಣಿಯುವ ಆ ಆಟದಲ್ಲಿ ಸ್ತ್ರೀಪಾತ್ರವನ್ನು ವಹಿಸುತ್ತಿದ್ದವರು ಕೂಡ ಗಂಡಸರೇ. ಹೀಗಾಗಿ ಪ್ರೇಕ್ಷಕರು ಶತಮಾನಗಳ ಕಾಲ ಕಂಡ ವೀರನಾರಿಯು ಸೀರೆಯುಟ್ಟ ಗಂಡಸಾಗಿದ್ದಳು. ಹೆಣ್ಣಿನ ತೋಳಿನಲ್ಲಿ ನಿಜವಾಗಿ ಎಷ್ಟು ಬಲವಿರುವದೆಂಬ ಪ್ರಶ್ನೆಯು ಅಲ್ಲಿ ಏಳುವ ಸಂಭವವೇ ಇರಲಿಲ್ಲ.

ಆ ಪ್ರಶ್ನೆಯನ್ನು ಭಾರತದ ಚಿತ್ರಪಟದಲ್ಲಿ ಎಲ್ಲರೂ ಬೆರಗಾಗುವಂತೆ ಎತ್ತಿದವಳು ಮುಂಬಯಿಯ ನಾಡಿಯಾ. ಈಕೆಯ ಹುಟ್ಟುಹೆಸರು ಮೇರಿ ಇವಾನ್ಸ್. ಹುಟ್ಟಿದ್ದು ೧೯೦೮ರಲ್ಲಿ, ಆಸ್ಟ್ರೇಲಿಯದ ಪರ್ತ್ ನಗರದಲ್ಲಿ. ಬಾಲ್ಯದಲ್ಲಿಯೇ ಹಿಂದುಸ್ತಾನಕ್ಕೆ ಬಂದು, ಸೈನಿಕನಾಗಿದ್ದ ತಂದೆಯನ್ನು ಮೊದಲನೆಯ ಮಹಾಯುದ್ಧದಲ್ಲಿ ಕಳೆದುಕೊಂಡಳು. ವಾಯವ್ಯ ಗಡಿಯ ಪೇಶಾವರದಲ್ಲಿ ಕುದುರೆ ಸವಾರಿಯನ್ನು ಕಲಿತಳು. ಮುಂಬಯಿಗೆ ಮರಳಿದ ಮೇಲೆ ಅಂಗಡಿಯಲ್ಲಿ ಮಾರಾಟದ ಕೆಲಸ ಮಾಡಿದಳು. ಪಾಶ್ಚಾತ್ಯ ನೃತ್ಯವನ್ನು ಅಭ್ಯಸಿಸಿ ನರ್ತಕಿಯರ ತಂಡದೊಡನೆ ಊರೂರು ತಿರುಗಿದಳು. ಸರ್ಕಸ್ಸಿನಲ್ಲಿಯೂ ಕೆಲವು ಕಾಲ ದುಡಿದಳು. ಜಮಶೇದ್ ವಾಡಿಯಾ ಮತ್ತು ಹೋಮಿ ವಾಡಿಯಾ ಎಂಬ ಪಾರಸಿ ಸಹೋದರರು ೧೯೩೩ರಲ್ಲಿ ವಾಡಿಯಾ ಮೂವೀಟೋನ್ ಕಂಪನಿಯನ್ನು ಸ್ಥಾಪಿಸಿದರು. ಅವರು ೧೯೩೫ರಲ್ಲಿ ಈಕೆಯನ್ನು ನಾಯಿಕೆಯಾಗಿಸಿ ತೆಗೆದ ಹಂಟರ್‌ವಾಲಿ ಎಂಬ ಚಿತ್ರವು ಅಪೂರ್ವ ಜಯವನ್ನು ಗಳಿಸಿತು. ಕೈಯಲ್ಲಿ ಚಾಟಿ, ಮುಖಕ್ಕೆ ಮರೆ, ಕಾಲಿಗೆ ಬೂಟು, ಏರಲು ಕುದುರೆ: ಇಂತಹ ನಾಯಿಕೆಯನ್ನು ನಮ್ಮ ದೇಶವು ಅದುವರೆಗೆ ಕಂಡಿರಲಿಲ್ಲ. ಮಿಸ್ ಫ್ರಾಂಟಿಯರ್ ಮೇಲ್ ೧೯೩೬ರಲ್ಲಿಯೂ, ಡೈಮಂಡ್ ಕ್ವೀನ್ ೧೯೪೦ರಲ್ಲಿಯೂ ಬಂದವು. ಓಡುವ ರೈಲುಗಾಡಿಯ ಮೇಲೆ ನಿಂತು ಕಾದಾಡುವದು, ಆಳೆತ್ತರದ ಗಂಡಸನ್ನು ಹೆಗಲ ಮೇಲೆ ಎತ್ತಿ ಎಸೆಯುವದು ಮುಂತಾದ ಸಾಹಸಗಳನ್ನು ಆಕೆಯು ಸ್ವತಃ ಮಾಡುತ್ತಿದ್ದಳು. ೧೯೬೧ರಲ್ಲಿ ಹೋಮಿ ವಾಡಿಯಾರನ್ನು ಮದುವೆಯಾದ ಈ ನಟಿಯು ೧೯೯೬ರಲ್ಲಿ ತೀರಿಕೊಂಡಳು.

ಆದರೆ ಇಲ್ಲಿಯೂ ನಿಯಮವು ತಪ್ಪಿಲ್ಲವೆಂಬುದನ್ನು ನೋಡಬೇಕು. ಹಂಟರ್‌ವಾಲಿಯ ರಾಜಕುಮಾರಿಯು ಚಾಟಿಯನ್ನು ಹಿಡಿಯುವದು ದುಷ್ಟ ಮಂತ್ರಿಯು ಆಕೆಯ ತಂದೆಯಾದ ರಾಜನನ್ನು ಸೆರೆಗೆ ಹಾಕಿದ್ದರಿಂದ. ತಂದೆಯ ಸ್ಥಾನವು ಬರಿದಾದುದರಿಂದ ಮಗಳು ಹೊರಬಂದಳು. ಬಂದಾಗಲೂ ತನ್ನ ಮುಖವನ್ನು ಮರೆಮಾಡಿಕೊಂಡು ಬಂದಳು.

ಪೂರ್ವ ಏಶಿಯದ ಕತ್ತಿವರಸೆಯ ಚಿತ್ರಗಳಲ್ಲಿಯೂ ಇದೇ ಬಗೆ. ಶಾಂಘಾಯಿಯಲ್ಲಿ ೧೯೪೬ರಲ್ಲಿ ಹುಟ್ಟಿದ ಚೆಂಗ್ ಪೇ-ಪೇ ಎಂಬ ನಟಿಯು ೧೯೬೬ರಲ್ಲಿ ಹಾಂಗ್‌ಕಾಂಗಿನ ಶಾ ಬ್ರದರ್ಸ್ ಕಂಪನಿಯ ‘ಕಮ್ ಡ್ರಿಂಕ್ ವಿತ್ ಮಿ’ ಎಂಬ ಚಿತ್ರದಿಂದ ಆ ಜಾತಿಯ ಚಿತ್ರಗಳಿಗೆ ಹೊಸ ಯುಗವನ್ನೇ ತೆರೆದಳು. ನಿರ್ದೇಶಕನಾದ ಕಿಂಗ್ ಹೂ ಅವರು ಆಕೆಯ ನೃತ್ಯಶಿಕ್ಷಣವನ್ನು ಕತ್ತಿಯ ಕಾಳಗಕ್ಕೆ ಬಳಸಿಕೊಂಡರು. ನಾಡಿಯಾಳೂ ನರ್ತಕಿಯೇ ಆಗಿದ್ದಳೆಂಬುದನ್ನು ನೆನೆದರೆ, ಬೆಳ್ಳಿತೆರೆಯ ಕಾಳಗಕ್ಕೆ ಬಲಕ್ಕಿಂತ ತಾಳವೇ ಮುಖ್ಯವೆಂದು ತೋರುವದು. ದೊಡ್ಡಾಟದ ಮೇಳದವರಿಗೆ ಈ ಮಾತನ್ನು ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ಆದರೂ ಆ ಚಿತ್ರದ ನಾಯಿಕೆಯು ಕತ್ತಿಯನ್ನು ತೆಗೆದುಕೊಳ್ಳುವದು ಕಳ್ಳರ ಸೆರೆಯಲ್ಲಿರುವ ಸೋದರನನ್ನು ಬಿಡಿಸುವ ಸಲುವಾಗಿ, ಅದೂ ಗಂಡುವೇಷದಲ್ಲಿ. ಮುಂದೆ ೨೦೦೦ದಲ್ಲಿ ಬಂದ ‘ಕ್ರೌಚಿಂಗ್ ಟೈಗರ್, ಹಿಡನ್ ಡ್ರ್ಯಾಗನ್’ ಚಿತ್ರದಲ್ಲಿ ಕ್ರೂರಿಯಾದ ವೃದ್ಧೆಯ ಪಾತ್ರದಿಂದ ಜಗತ್ತಿಗೆಲ್ಲ ಪರಿಚಿತಳಾದ ಈಕೆ ೨೦೨೪ರಲ್ಲಿ ಕಾಲವಾದಳು.

ಇನ್ನು ಕನ್ನಡಕ್ಕೆ ಬರೋಣ. ನಮ್ಮ ಮೊದಲನೆಯ ವಾಕ್ಚಿತ್ರವಾದ ಸತಿ ಸುಲೋಚನಾ ೧೯೩೪ರಲ್ಲಿ ಬಂದಿತು. ಯುದ್ಧವು ಅದರಲ್ಲಿಯೂ ಇತ್ತು. ಆದರೆ ಯುದ್ಧಕ್ಕೆ ಹೋಗುವವನು ಇಂದ್ರಜಿತು, ಸುಲೋಚನೆಯ ಪಾಲಿಗೆ ಬಂದದ್ದು ಪಾತಿವ್ರತ್ಯ. ಮುಂದೆ ಕಾಲು ಶತಮಾನದ ವರೆಗೆ ಪೌರಾಣಿಕ ಚಿತ್ರಗಳ ನಾಯಿಕೆಯರು ಹೆಚ್ಚಾಗಿ ಇದೇ ಪಾಲನ್ನು ಉಂಡರು. ಕನ್ನಡದ ನಾಯಿಕೆಯ ಕೈಗೆ ಗೌರವದಿಂದ ಕತ್ತಿಯು ಬಂದದ್ದು ೧೯೬೧ರಲ್ಲಿ. ಆ ವರ್ಷ ಬಿ. ಆರ್. ಪಂತುಲು ಅವರು ತೆಗೆದ ಕಿತ್ತೂರು ಚೆನ್ನಮ್ಮ ಚಿತ್ರದಲ್ಲಿ ಬಿ. ಸರೋಜಾದೇವಿಯವರು ರಾಣಿಯ ಪಾತ್ರವನ್ನು ವಹಿಸಿದರು. ೧೮೨೪ರ ಅಕ್ಟೋಬರದಲ್ಲಿ ಕಿತ್ತೂರಿನ ಕೋಟೆಯ ಮುಂದೆ ಥ್ಯಾಕರೆ ಸಾಹೇಬನು ಬಿದ್ದ ಕಥೆಯು ಉತ್ತರ ಕರ್ನಾಟಕದವರಿಗೆ ಲಾವಣಿಗಳಿಂದ ಪರಿಚಿತವೇ. ಆದರೆ ಪತಿಯಾದ ಮಲ್ಲಸರ್ಜ ದೇಸಾಯಿಯು ಮೊದಲೇ ತೀರಿದ್ದನು, ಮಗನೂ ಉಳಿದಿರಲಿಲ್ಲ. ಇತಿಹಾಸವೇ ರಾಣಿಗೆ ಕತ್ತಿಯನ್ನು ಹಿಡಿಯಲು ಅನುಮತಿ ಕೊಟ್ಟಿತ್ತು. ಚಿತ್ರವು ಆ ಅನುಮತಿಪತ್ರವನ್ನು ತೋರಿಸಿ ಒಳಗೆ ಬಂದಿತು. ಸರೋಜಾದೇವಿಯವರು ೨೦೨೫ರಲ್ಲಿ ಕಾಲವಾಗುವ ವರೆಗೂ ಜನರು ಅವರನ್ನು ಚೆನ್ನಮ್ಮನಾಗಿ ನೆನೆಯುತ್ತಿದ್ದರೂ, ಅವರ ದೀರ್ಘವಾದ ವೃತ್ತಿಜೀವನದಲ್ಲಿ ಕತ್ತಿಯು ನಿತ್ಯದ ಒಡವೆಯಾಗಲಿಲ್ಲ.

ಎರಡನೆಯ ಉದಾಹರಣೆಯು ನಮ್ಮ ಸುರಪುರದ ನಾಯಕರ ಬಂಧುಕುಲಕ್ಕೆ ಹತ್ತಿರವಾದದ್ದು. ಪುಟ್ಟಣ್ಣ ಕಣಗಾಲರು ತ. ರಾ. ಸು. ಅವರ ಕಾದಂಬರಿಗಳನ್ನು ಆಧರಿಸಿ ೧೯೭೨ರಲ್ಲಿ ನಿರ್ದೇಶಿಸಿದ ನಾಗರಹಾವು ಚಿತ್ರದಲ್ಲಿ, ಬಳ್ಳಾರಿಯಲ್ಲಿ ಹುಟ್ಟಿದ ಜಯಂತಿಯವರು ಚಿತ್ರದುರ್ಗದ ಓಬವ್ವನಾಗಿ ಒಂದು ಹಾಡಿನ ಅವಧಿಯಷ್ಟೇ ಕಾಣಿಸಿಕೊಂಡರು. ಕೋಟೆಯ ಕಿಂಡಿಯಿಂದ ನುಸುಳುವ ಹೈದರನ ಸಿಪಾಯಿಗಳನ್ನು ಒಬ್ಬೊಬ್ಬರನ್ನಾಗಿ ಒನಕೆಯಿಂದ ಬಡಿದುಹಾಕುವ ಆ ಕೆಲವು ನಿಮಿಷಗಳು ಇಡೀ ಚಿತ್ರಕ್ಕಿಂತ ಹೆಚ್ಚಾಗಿ ಜನರ ಮನಸ್ಸಿನಲ್ಲಿ ನಿಂತವು. ಆಯುಧವು ಶಸ್ತ್ರಾಗಾರದಿಂದ ಬಂದದ್ದಲ್ಲ, ಅಡಿಗೆಮನೆಯಿಂದ ಬಂದದ್ದು. ಇದು ಈ ಕಥೆಯ ಸೊಗಸು. ಆದರೆ ಓಬವ್ವನ ಗಂಡನು ಊಟಕ್ಕೆ ಕುಳಿತಿದ್ದನು. ಆತನ ಊಟವು ಮುಗಿಯುವಷ್ಟು ಹೊತ್ತು ಮಾತ್ರ ಕಾವಲು ಆಕೆಯದಾಗಿತ್ತು. ಹುತಾತ್ಮಳಾಗಿ ಆಕೆಯು ಬಿದ್ದ ಬಳಿಕ ಕಥೆಯು ಪುನಃ ಗಂಡಸರದಾಗುವದು.

೧೯೭೮ರಲ್ಲಿ ಗಿರೀಶ ಕಾರ್ನಾಡರು ತೆಗೆದ ಒಂದಾನೊಂದು ಕಾಲದಲ್ಲಿ ಎಂಬ ಚಿತ್ರವು ಕನ್ನಡದಲ್ಲಿ ಕತ್ತಿವರಸೆಯ ಕಲೆಯನ್ನು ಉನ್ನತ ಮಟ್ಟದಲ್ಲಿ ತೋರಿಸಿದ ಕೃತಿಯಾಗಿದೆ. ಜಪಾನದ ಕುರೊಸಾವಾ ಅವರ ಪ್ರಭಾವವು ಅದರ ಮೇಲೆ ಸ್ಪಷ್ಟವಾಗಿದೆ. ಶಂಕರನಾಗ ಅವರಿಗೆ ಅದು ಅಂತರರಾಷ್ಟ್ರೀಯ ಕೀರ್ತಿಯನ್ನು ತಂದಿತು. ಆದರೆ ಅಲ್ಲಿಯ ಕಾಳಗವು ಪೂರಾ ಗಂಡಸರ ಕಾಳಗ. ಹೀಗೆ ೧೯೮೦ರ ದಶಕದ ಕೊನೆಯ ವರೆಗೆ ಕನ್ನಡ ಚಿತ್ರರಂಗದಲ್ಲಿ ಆಯುಧ ಹಿಡಿದ ನಟಿಯರು ಇದ್ದರು. ಅದನ್ನೇ ವೃತ್ತಿಯನ್ನಾಗಿ ಮಾಡಿಕೊಂಡ ನಟಿಯು ಇರಲಿಲ್ಲ.

ಮಾಲಾಶ್ರೀಯವರು ರಂಗವನ್ನು ಪ್ರವೇಶಿಸಿದ್ದು ಈ ಹಂತದಲ್ಲಿ. ತಾಯ್ನುಡಿಯು ತೆಲುಗು, ಬೆಳೆದದ್ದು ಮದರಾಸಿನಲ್ಲಿ, ಮೊದಲಿನ ಹೆಸರು ಶ್ರೀದುರ್ಗಾ. ತಮಿಳು, ತೆಲುಗು ಚಿತ್ರಗಳಲ್ಲಿ ಬಾಲನಟಿಯಾಗಿ ದುಡಿದ ಅನುಭವವು ಅವರಿಗೆ ಇದ್ದಿತು. ೧೯೮೯ರಲ್ಲಿ ರಾಜಕುಮಾರ್ ಅವರ ಮನೆತನದ ನಿರ್ಮಾಣದಲ್ಲಿ, ಎಂ. ಎಸ್. ರಾಜಶೇಖರ್ ಅವರ ನಿರ್ದೇಶನದಲ್ಲಿ ತಯಾರಾದ ನಂಜುಂಡಿ ಕಲ್ಯಾಣ ಎಂಬ ಚಿತ್ರದಿಂದ, ರಾಘವೇಂದ್ರ ರಾಜಕುಮಾರರ ಎದುರು, ಅವರು ಕನ್ನಡದಲ್ಲಿ ನಾಯಿಕೆಯಾದರು. ಈ ಚಿತ್ರದ ಮೂಲವು ಪರ್ವತವಾಣಿಯವರ ಬಹದ್ದೂರ್ ಗಂಡ ಎಂಬ ನಾಟಕ. ಅದರ ಮೂಲವು ಶೇಕ್ಸ್‌ಪಿಯರ್ ಕವಿಯ, ಗಯ್ಯಾಳಿಯನ್ನು ಪಳಗಿಸುವ ಪ್ರಸಿದ್ಧ ವಿನೋದನಾಟಕ. ಗರ್ವಿಷ್ಠೆಯಾದ ಹೆಣ್ಣನ್ನು ಗಂಡನು ಉಪಾಯದಿಂದ ಮಣಿಸುವದೇ ಕಥೆಯ ಸಾರ. ಅಂದರೆ ಜೈಮಿನಿ ಭಾರತದ ಚಂಡಿಯ ಅಚ್ಚೇ ಹೊಸ ರೂಪದಲ್ಲಿ ಬಂದಂತಾಯಿತು. ಚಿತ್ರವು ದೊಡ್ಡ ಜಯವನ್ನು ಹೊಂದಿತು. ಅದೇ ವರ್ಷ ಅದೇ ನಾಯಕ ಮತ್ತು ನಿರ್ದೇಶಕರೊಡನೆ ಗಜಪತಿ ಗರ್ವಭಂಗ ಎಂಬ ಇನ್ನೊಂದು ಚಿತ್ರವೂ ಬಂದಿತು.

ಇಲ್ಲಿ ವಿಚಾರ ಮಾಡತಕ್ಕ ಒಂದು ಸಂಗತಿಯಿದೆ. ಪಳಗಿಸುವ ಕಥೆಯಲ್ಲಿ ಪ್ರೇಕ್ಷಕನಿಗೆ ರುಚಿಸಿದ್ದು ಪಳಗಿದ ಹೆಣ್ಣೋ, ಪಳಗದ ಹೆಣ್ಣೋ? ಕಥೆಯ ನ್ಯಾಯದಂತೆ ಪಳಗಿದವಳೇ ಮೆಚ್ಚಿಗೆಯಾಗಬೇಕು. ಆದರೆ ಮುಂದಿನ ವರ್ಷಗಳಲ್ಲಿ ನಿರ್ಮಾಪಕರು ಈ ನಟಿಗೆ ಎಂತಹ ಪಾತ್ರಗಳನ್ನು ಒದಗಿಸಿದರೆಂಬುದನ್ನು ನೋಡಿದರೆ ಉತ್ತರವು ಬೇರೆಯೇ ಆಗಿ ತೋರುವದು. ೧೯೯೦ರಲ್ಲಿ ಬಂದ ರಾಣಿ ಮಹಾರಾಣಿ ಚಿತ್ರದಲ್ಲಿ ಅವರಿಗೆ ದ್ವಿಪಾತ್ರ. ಒಬ್ಬಳು ಅಂಜುಬುರುಕಿಯಾದ ಸಾಧುವಾದರೆ ಇನ್ನೊಬ್ಬಳು ಯಾರಿಗೂ ಜಗ್ಗದ ಜಗಳಗಂಟಿ. ಒಬ್ಬಳ ಸ್ಥಾನಕ್ಕೆ ಇನ್ನೊಬ್ಬಳು ಹೋಗಿ, ಸಾಧುವನ್ನು ಪೀಡಿಸಿದವರಿಗೆ ಶಾಸ್ತಿ ಮಾಡುವಳು. ಪಳಗಿದ ಹೆಣ್ಣಿನ ರಕ್ಷಣೆಗೆ ಪಳಗದ ಹೆಣ್ಣೇ ಬರಬೇಕಾಯಿತು! ಚಂಡಿಗೆ ಶಾಪವನ್ನು ಕೊಟ್ಟ ಜನರೇ ಈಗ ಚಂಡಿಗೆ ಚಪ್ಪಾಳೆ ತಟ್ಟಿದರು.

ಇಲ್ಲಿಂದ ಮುಂದಿನ ಹೆಜ್ಜೆಯು ೧೯೯೧ರ ಎಸ್. ಪಿ. ಭಾರ್ಗವಿ. ಇದರಲ್ಲಿ ಮಾಲಾಶ್ರೀಯವರು ಪೋಲೀಸ ಅಧಿಕಾರಿ. ನೆರೆಯ ತೆಲುಗಿನಲ್ಲಿ ಅದಕ್ಕೂ ಒಂದು ವರ್ಷ ಮೊದಲು, ೧೯೯೦ರಲ್ಲಿ, ಕರ್ತವ್ಯಂ ಎಂಬ ಚಿತ್ರದಲ್ಲಿ ವಿಜಯಶಾಂತಿಯವರು ಇಂತಹದೇ ಪಾತ್ರವನ್ನು ವಹಿಸಿ ರಾಷ್ಟ್ರಪ್ರಶಸ್ತಿಯನ್ನು ಪಡೆದಿದ್ದರು. ತೆಲುಗು ನಾಡಿಗೆ ಅಂಟಿಕೊಂಡಿರುವ ಗುರುಮಠಕಲ್ಲಿನ ಕಡೆಯ ನಮ್ಮ ಜನರಿಗೆ ಈ ಎರಡು ಭಾಷೆಗಳ ಚಿತ್ರಗಳನ್ನು ಹೋಲಿಸುವದು ಕಷ್ಟದ ಕೆಲಸವಲ್ಲ. ಅನುಕರಣವೆಂದು ಯಾರಾದರೂ ಅನ್ನಬಹುದು. ಆದರೆ ಕನ್ನಡದ ಮಟ್ಟಿಗೆ ಇದರ ಅರ್ಥವು ದೊಡ್ಡದು. ಚೆನ್ನಮ್ಮನಿಗೆ ಕತ್ತಿಯನ್ನು ಕೊಟ್ಟದ್ದು ವೈಧವ್ಯ. ಓಬವ್ವನಿಗೆ ಒನಕೆಯನ್ನು ಕೊಟ್ಟದ್ದು ಗಂಡನ ಊಟದ ಹೊತ್ತು. ಹಂಟರ್‌ವಾಲಿಗೆ ಚಾಟಿಯನ್ನು ಕೊಟ್ಟದ್ದು ತಂದೆಯ ಸೆರೆವಾಸ. ಭಾರ್ಗವಿಯ ಸೊಂಟದ ಪಿಸ್ತೂಲು ಯಾವ ಗಂಡಸಿನ ಗೈರುಹಾಜರಿಯಿಂದಲೂ ಬಂದದ್ದಲ್ಲ. ಅದು ಸರಕಾರದ ಹುದ್ದೆಯಿಂದ ಬಂದದ್ದು, ಸಂಬಳದೊಡನೆ ಬಂದದ್ದು. ಆಕೆಯು ಮುಖವನ್ನು ಮರೆಮಾಡಿಕೊಳ್ಳಬೇಕಾಗಿಲ್ಲ, ಗಂಡುವೇಷವನ್ನು ಹಾಕಬೇಕಾಗಿಲ್ಲ. ಎದೆಯ ಮೇಲೆ ಹೆಸರಿನ ಪಟ್ಟಿಯನ್ನೇ ಧರಿಸಿ ನಿಲ್ಲುವಳು. ೧೯೭೨ರಲ್ಲಿ ಕಿರಣ್ ಬೇಡಿಯವರು ಭಾರತದ ಪೋಲೀಸ ಸೇವೆಯನ್ನು ಸೇರಿದ ಮೊದಲನೆಯ ಮಹಿಳೆಯಾದ ಬಳಿಕ ದೇಶದಲ್ಲಿ ನಡೆದ ಬದಲಾವಣೆಯನ್ನು ಚಿತ್ರಪಟವು ಹೀಗೆ ತನ್ನ ಭಾಷೆಯಲ್ಲಿ ಒಪ್ಪಿಕೊಂಡಿತು.

೧೯೯೦ರಿಂದ ಮೂರು ನಾಲ್ಕು ವರ್ಷಗಳ ಕಾಲ ಕನ್ನಡದಲ್ಲಿ ಮಾಲಾಶ್ರೀಯವರದೇ ಕಾಲವೆನ್ನಬೇಕು. ನಾಯಕನ ಹೆಸರಿನಿಂದ ಚಿತ್ರವು ಓಡುವದು ರೂಢಿಯಾಗಿದ್ದ ಮಾರುಕಟ್ಟೆಯಲ್ಲಿ ನಾಯಿಕೆಯ ಹೆಸರಿನಿಂದ ಟಿಕೀಟು ಮಾರಾಟವಾಗತೊಡಗಿತು. ೧೯೯೨ರಲ್ಲಿ ಒಂದು ಚಿತ್ರಕ್ಕೆ ಮಾಲಾಶ್ರೀ ಮಾಮಾಶ್ರೀ ಎಂದು ಆಕೆಯ ಹೆಸರನ್ನೇ ಇಟ್ಟರೆಂದ ಮೇಲೆ ಹೆಚ್ಚಿನ ಪುರಾವೆಯು ಬೇಕಿಲ್ಲ. ಆದರೆ ೧೯೯೪ರ ಮೋಟಾರು ಅಪಘಾತವೊಂದರಲ್ಲಿ ಸಹನಟರಾದ ಸುನಿಲ್ ಅವರು ಮೃತಪಟ್ಟರು. ಜೊತೆಯಲ್ಲಿದ್ದ ಮಾಲಾಶ್ರೀಯವರೂ ಗಾಯಗೊಂಡರು. ಮುಂದೆ ಅವರು ನಿರ್ಮಾಪಕ ರಾಮು ಅವರನ್ನು ಮದುವೆಯಾದರು. ಲಾಕಪ್ ಡೆತ್ (೧೯೯೪), ಎ. ಕೆ. ೪೭ (೧೯೯೯) ಮುಂತಾದ, ಹೊಡೆದಾಟವೇ ಪ್ರಧಾನವಾದ ಚಿತ್ರಗಳಿಗೆ ಧಾರಾಳವಾಗಿ ಹಣವನ್ನು ಸುರಿದು ಖ್ಯಾತಿ ಪಡೆದವರು ಅವರು.

ಇಲ್ಲಿಗೆ ಪ್ರಮೀಳೆಯ ಅಚ್ಚು ಪೂರ್ಣವಾಗಬೇಕಾಗಿತ್ತು. ಆಯುಧ ಹಿಡಿದವಳು ಮದುವೆಯಾದಳು, ಕಥೆಯು ಮುಗಿಯಿತು. ನಮ್ಮ ಚಿತ್ರರಂಗದಲ್ಲಿ ಮದುವೆಯಾದ ನಟಿಯು ಅಕ್ಕನ, ಅತ್ತಿಗೆಯ, ತಾಯಿಯ ಪಾತ್ರಕ್ಕೆ ಸರಿಯುವದೇ ವಾಡಿಕೆ. ಮಾಲಾಶ್ರೀಯವರ ವಿಷಯದಲ್ಲಿ ಇದಕ್ಕೆ ತದ್ವಿರುದ್ಧವಾದದ್ದು ನಡೆಯಿತು. ಗಂಡಸರ ಸಾಹಸಚಿತ್ರಗಳಿಗಾಗಿ ಕಟ್ಟಿದ್ದ ಅದೇ ಸಾಧನಸಾಮಗ್ರಿಯನ್ನು ಪತಿಯು ಪತ್ನಿಗಾಗಿ ತಿರುಗಿಸಿದರು. ೨೦೦೪ರಲ್ಲಿ ಪಿ. ರವಿಶಂಕರ್ ಅವರ ನಿರ್ದೇಶನದಲ್ಲಿ ದುರ್ಗಿ ಎಂಬ ಚಿತ್ರವು ಹೊರಬಂದಿತು. ಶ್ರೀದುರ್ಗಾ ಎಂಬ ತಮ್ಮ ಹಳೆಯ ಹೆಸರಿನ ನೆರಳಿನಲ್ಲಿಯೇ ಈ ನಟಿಯು ಎರಡನೆಯ ಸಲ ಹುಟ್ಟಿದರೆಂದರೂ ಸಲ್ಲುವದು. ಬಳಿಕ ಓಂ ಪ್ರಕಾಶ್ ರಾವ್ ಅವರ ಕನ್ನಡದ ಕಿರಣ್ ಬೇಡಿ ೨೦೦೯ರಲ್ಲಿಯೂ, ಶಕ್ತಿ ೨೦೧೨ರಲ್ಲಿಯೂ, ವೀರ ೨೦೧೩ರಲ್ಲಿಯೂ, ಗಂಗಾ ೨೦೧೫ರಲ್ಲಿಯೂ ಬಂದವು. ೨೦೨೧ರ ಏಪ್ರಿಲದಲ್ಲಿ ಕೋವಿಡ್ ವ್ಯಾಧಿಯಿಂದ ರಾಮು ಅವರು ತೀರಿಕೊಂಡರು. ಆ ಬಳಿಕವೂ ೨೦೨೩ರಲ್ಲಿ ಮಾರಕಾಸ್ತ್ರ ಎಂಬ ಚಿತ್ರದಲ್ಲಿ ಅವರು ಕಾಣಿಸಿಕೊಂಡರು. ಮದುವೆಯು ಆಕೆಯಿಂದ ಆಯುಧವನ್ನು ಕಸಿಯಲಿಲ್ಲ. ವೈಧವ್ಯವು ಆಕೆಗೆ ಹೊಸದಾಗಿ ಆಯುಧವನ್ನು ಕೊಡಬೇಕಾಗಿಯೂ ಬರಲಿಲ್ಲ. ಅದು ಮೊದಲಿನಿಂದಲೂ ಆಕೆಯ ಕೈಯಲ್ಲಿಯೇ ಇತ್ತು.

ಈ ಚಿತ್ರಗಳನ್ನು ಕಲೆಯ ದೃಷ್ಟಿಯಿಂದ ತೂಗಿದರೆ ತಕ್ಕಡಿಯು ಬಹಳ ಏರದೆಂಬುದನ್ನು ಒಪ್ಪಬೇಕು. ಕಥೆಗಳು ಒಂದರಂತೆ ಒಂದು, ಗದ್ದಲವು ಹೆಚ್ಚು, ಹೊಡೆದಾಟದ ನಡುವೆ ಮನುಷ್ಯಸ್ವಭಾವದ ಚಿತ್ರಣಕ್ಕೆ ಎಡೆಯು ಕಡಿಮೆ. ಸಮವಸ್ತ್ರದಲ್ಲಿಯ ಹೆಣ್ಣು ಕಾಯದೆಯನ್ನು ಬದಿಗಿಟ್ಟು ಕೈಯಿಂದಲೇ ನ್ಯಾಯವನ್ನು ಹಂಚುವದು ಗಂಡಸರ ಚಿತ್ರಗಳಲ್ಲಿ ದೋಷವಾದರೆ ಹೆಂಗಸರ ಚಿತ್ರಗಳಲ್ಲಿ ಗುಣವಾಗಲಾರದು. ಇನ್ನೊಂದು ಆಕ್ಷೇಪವೂ ಉಂಟು. ನಾಯಿಕೆಯ ಅಪಾಯದ ಸಾಹಸಗಳನ್ನು ಆಕೆಯ ಉಡುಪು, ಕೃತಕ ಕೂದಲುಗಳನ್ನು ಧರಿಸಿದ ಗಂಡಸರಿಂದ ಮಾಡಿಸುವ ಪದ್ಧತಿಯು ಭಾರತದ ಚಿತ್ರರಂಗದಲ್ಲಿ ಬಹುಕಾಲ ಇತ್ತು. ದೊಡ್ಡಾಟದ ಸ್ತ್ರೀವೇಷವೇ ಬೇರೆ ದಾರಿಯಿಂದ ಬೆಳ್ಳಿತೆರೆಗೆ ಬಂದಂತೆ! ೧೯೭೫ರ ಶೋಲೆ ಚಿತ್ರದಲ್ಲಿ ಹೇಮಾಮಾಲಿನಿಯವರ ಬದಲಾಗಿ ಟಾಂಗಾದ ಸಾಹಸವನ್ನು ಮಾಡಿದ ರೇಷ್ಮಾ ಪಠಾಣರಂತಹ ಮಹಿಳೆಯರು ಆ ಕೆಲಸವನ್ನು ಹೆಂಗಸರಿಗೆ ಗಳಿಸಿಕೊಟ್ಟರು. ಮೂಳೆ ಮುರಿದುಕೊಂಡು ದುಡಿದ ಇಂಥವರ ಹೆಸರನ್ನು ಜನರು ದಶಕಗಳ ತರುವಾಯ ತಿಳಿದರೆಂಬುದು ವಿಷಾದದ ಮಾತು. ವೀರನಾರಿಯ ಕೀರ್ತಿಯಲ್ಲಿ ಇವರ ಪಾಲನ್ನೂ ಎಣಿಸದಿದ್ದರೆ ಲೆಕ್ಕವು ತಪ್ಪಾಗುವದು.

ಈ ಎಲ್ಲ ಕೊರತೆಗಳನ್ನು ಕಳೆದ ಮೇಲೂ ಉಳಿಯುವ ಮೊತ್ತವು ಸಣ್ಣದಲ್ಲ. ೧೯೮೯ರಲ್ಲಿ ಪಳಗಿಸಲ್ಪಡುವ ಹೆಣ್ಣಾಗಿ ಬಂದ ನಟಿಯೊಬ್ಬರು, ಎರಡೇ ವರ್ಷಗಳಲ್ಲಿ ಶಾಸ್ತಿ ಮಾಡುವ ಅಧಿಕಾರಿಯಾಗಿ, ಮೂವತ್ತು ವರ್ಷಗಳಿಗೂ ಮಿಕ್ಕು ಆ ನೆಲೆಯಲ್ಲಿ ನಿಂತರು. ೨೦೧೪ರಲ್ಲಿ ರಾಗಿಣಿ ಐ. ಪಿ. ಎಸ್. ಎಂಬ ಚಿತ್ರವು ಬಂದಾಗ, ನಾಯಿಕೆಯು ಏಕೆ ಹೊಡೆದಾಡುತ್ತಾಳೆಂದು ಕನ್ನಡದ ಪ್ರೇಕ್ಷಕರಿಗೆ ಸಮಜಾಯಿಷಿಯನ್ನು ಕೊಡುವ ಅಗತ್ಯವೇ ಇರಲಿಲ್ಲ. ಆ ಸಮಜಾಯಿಷಿಯನ್ನು ಅನಾವಶ್ಯಕವಾಗಿ ಮಾಡಿದ ಶ್ರೇಯಸ್ಸು ಮಾಲಾಶ್ರೀಯವರಿಗೆ ಸಲ್ಲತಕ್ಕದ್ದು.

೨೦೦೯ರ ಡಿಸೆಂಬರದಲ್ಲಿ ಯಾದಗಿರಿಯು ಪ್ರತ್ಯೇಕ ಜಿಲ್ಲೆಯಾಯಿತು. ಅಂದಿನಿಂದ ಜಿಲ್ಲೆಯ ಇತಿಹಾಸವನ್ನು ಬರೆಯುವ ಉತ್ಸಾಹವು ನಮ್ಮಲ್ಲಿ ಹೆಚ್ಚಿರುವದು ಸಂತೋಷದ ವಿಷಯ. ಆ ಉತ್ಸಾಹಿಗಳಲ್ಲಿ ಒಂದು ಬಿನ್ನಹ. ಶಾಸನಗಳನ್ನೂ ಕೈಫಿಯತ್ತುಗಳನ್ನೂ ಕ್ರೋಢೀಕರಿಸುವಾಗ, ಸಂಚಾರಿ ಟಾಕೀಸುಗಳ ಹಳೆಯ ಕರಪತ್ರಗಳನ್ನೂ, ಗೋಡೆಗೆ ಹಚ್ಚಿದ ಬಣ್ಣದ ಹಾಳೆಗಳನ್ನೂ, ಪ್ರದರ್ಶಕರ ಲೆಕ್ಕದ ವಹಿಗಳನ್ನೂ ಗೆದ್ದಲಿಗೆ ಬಿಡದೆ ಕೂಡಿಡಬೇಕು. ರಾಣಿ ಈಶ್ವರಮ್ಮನವರ ಧೈರ್ಯವನ್ನು ನಾವು ಅವರ ಪ್ರತಿಪಕ್ಷಿಯಾದ ಅಧಿಕಾರಿಯೊಬ್ಬನ ಬರವಣಿಗೆಯಿಂದ ತಿಳಿಯಬೇಕಾಗಿ ಬಂದಿದೆ. ಆಯುಧ ಹಿಡಿದ ಹೆಣ್ಣನ್ನು ಈ ನಾಡಿನ ಸಾಮಾನ್ಯ ಜನರು ಯಾವಾಗ, ಹೇಗೆ ಮೆಚ್ಚಿಕೊಂಡರೆಂಬುದನ್ನು ಮುಂದಿನವರು ತಿಳಿಯಬೇಕಾದರೆ, ಆ ಮೆಚ್ಚಿಗೆಯನ್ನು ಕಾಸು ಕೊಟ್ಟು ಸೂಚಿಸಿದ ಜನರ ದಾಖಲೆಯು ಉಳಿದಿರಬೇಕು.